ಉರುವಲಿಗೆ ಒಡೆಯರು ಯಾರು?

ಉರುವಲಿಗೆ ನಮ್ಮ ಭಾಷೆಯಲ್ಲಿರುವ ಹೆಸರುಗಳು ಹಲವು. ಸೌದೆ, ಕಟ್ಟಿಗೆ, ಪುಳ್ಳೆ, ಚಕ್ಕೆ, ತರಗು, ಬೆರಣಿ, ಕುಳ್ಳು, ಇದ್ದಿಲು, ಕರಟ, ಮಟ್ಟೆ, ಸೋಗೆ, ಸಿಪ್ಪೆ. ಒಂದೊಂದಕ್ಕೂ ಅದರದರ ಒಲೆ, ಅದರದರ ಹೊತ್ತು. ಹಾಲು ಮಂದವಾಗಿ ಕಾಯಲು ಬೆರಣಿಯ ಉರಿ, ಬಚ್ಚಲ ಹಂಡೆಗೆ ತೆಂಗಿನ ಮಟ್ಟೆ, ಆಲೆಮನೆಯ ಕೊಪ್ಪರಿಗೆಯ ಕೆಳಗೆ ಕಬ್ಬಿನ ಸಿಪ್ಪೆ. ಇವುಗಳಲ್ಲಿ ಯಾವುದನ್ನೂ ನಮ್ಮ ಹಳ್ಳಿಗರು ಕಸವೆಂದು ಕರೆದದ್ದಿಲ್ಲ. ಈಚಿನ ದಶಕಗಳಲ್ಲಿ ಯೋಜನೆಯ ಕಡತಗಳು ಇವೆಲ್ಲವನ್ನೂ ‘ಜೀವರಾಶಿ’ ಎಂಬ ಒಂದೇ ಹೆಸರಿನಡಿ ಕೂಡಿಸಿ, ಪಕ್ಕದಲ್ಲಿ ‘ತ್ಯಾಜ್ಯ’ ಎಂಬ ವಿಶೇಷಣವನ್ನೂ ಸೇರಿಸಿದವು. ಸಗಣಿ, ಸೌದೆ, ತರಗುಗಳಿಂದ ವಿದ್ಯುತ್ತನ್ನು ಪಡೆಯುವ ಪ್ರಯತ್ನದ ಚರಿತ್ರೆಯನ್ನು ಓದುವಾಗ ಈ ವ್ಯತ್ಯಾಸವನ್ನು ನೆನಪಿನಲ್ಲಿಡಬೇಕು. ನಾನು ಎಂಜಿನಿಯರನಲ್ಲ, ಕನ್ನಡ ಪಾಠ ಹೇಳಿ ನಿವೃತ್ತನಾದವನು. ಆದರೆ ತುಮಕೂರು, ಮಂಡ್ಯ ಸೀಮೆಗಳಲ್ಲಿ ನಡೆದ ಮೂರು ಪ್ರಯೋಗಗಳ ಕಥೆ ಯಂತ್ರಶಾಸ್ತ್ರದ ಕಥೆ ಮಾತ್ರವಲ್ಲ, ಊರಿನ ಕಥೆಯೂ ಹೌದು.

ಕರ್ನಾಟಕದ ವಿದ್ಯುತ್ತಿನ ಚರಿತ್ರೆ ನೀರಿನಿಂದ ಆರಂಭವಾಯಿತೆಂಬುದು ಸರ್ವವಿದಿತ. 1902ರಲ್ಲಿ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗಳಿಗೆ ತಂತಿ ಹರಿಯಿತು. 1905ರಲ್ಲಿ ಬೆಂಗಳೂರಿನ ಬೀದಿಗಳಲ್ಲಿ ದೀಪ ಉರಿಯಿತು. ಆ ತಂತಿಯ ಕೆಳಗಿದ್ದ ಹಳ್ಳಿಗಳಲ್ಲಿ ಮಾತ್ರ ಬಹುಕಾಲ ಹರಳೆಣ್ಣೆಯ ಹಣತೆ, ಸೀಮೆಎಣ್ಣೆಯ ಬುಡ್ಡಿಗಳೇ ಉಳಿದವು. ಮರವೂ ಕೈಗಾರಿಕೆಗೆ ದುಡಿಯಿತು. 1923ರಲ್ಲಿ ಆರಂಭವಾದ ಭದ್ರಾವತಿಯ ಕಬ್ಬಿಣದ ಕಾರ್ಖಾನೆ ಕರಗಿಸಿದ್ದು ಮಲೆನಾಡಿನ ಮರದ ಇದ್ದಿಲಿನಿಂದ. ಎರಡನೆಯ ಮಹಾಯುದ್ಧದ ದಿನಗಳಲ್ಲಿ ಪೆಟ್ರೋಲು ಸಿಗದಾದಾಗ ಬಸ್ಸುಗಳೇ ಇದ್ದಿಲಿನಿಂದ ಓಡಿದವು. ಬೆನ್ನಿಗೆ ಹಂಡೆಯಂಥ ಒಲೆ ಕಟ್ಟಿಕೊಂಡ ಆ ಬಸ್ಸುಗಳನ್ನು ಏರುದಾರಿಯಲ್ಲಿ ಪ್ರಯಾಣಿಕರು ಇಳಿದು ತಳ್ಳುತ್ತಿದ್ದರೆಂದು ನನ್ನ ತಂದೆಯವರು ವರ್ಣಿಸುತ್ತಿದ್ದುದುಂಟು. ಅದರ ತತ್ತ್ವ ಸರಳವಾದುದು. ಸೌದೆಗಾಗಲಿ ಇದ್ದಿಲಿಗಾಗಲಿ ಬೇಕಾದುದಕ್ಕಿಂತ ಕಡಿಮೆ ಗಾಳಿ ಕೊಟ್ಟು ಉರಿಸಿದರೆ ಅದು ಪೂರ್ತಿ ಬೂದಿಯಾಗುವ ಮೊದಲು ಇಂಗಾಲದ ಮಾನಾಕ್ಸೈಡ್ ಮತ್ತು ಜಲಜನಕಗಳು ಕೂಡಿದ ಅನಿಲವನ್ನು ಬಿಡುತ್ತದೆ. ಆ ಅನಿಲವನ್ನು ತೊಳೆದು ತಣಿಸಿ ಎಂಜಿನ್ನಿಗೆ ಊಡಿಸಬಹುದು. ಯುದ್ಧ ಮುಗಿದು ಪೆಟ್ರೋಲು ಮತ್ತೆ ಸಿಗತೊಡಗಿದಾಗ ಲೋಕ ಈ ವಿದ್ಯೆಯನ್ನು ಮರೆತಿತು. 1973ರಲ್ಲಿ ತೈಲದ ಬೆಲೆ ಏರಿದಾಗ ಅದು ಮತ್ತೆ ನೆನಪಾಯಿತು.

1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ, ವಿಜ್ಞಾನವನ್ನು ಹಳ್ಳಿಯ ಬಾಳಿಗೆ ಒದಗಿಸುವ ಉದ್ದೇಶದಿಂದ ಒಂದು ಘಟಕ ಹುಟ್ಟಿತು. ಅದರ ಇಂಗ್ಲಿಷ್ ಹೆಸರಿನ ಆದ್ಯಕ್ಷರಗಳು ಕೂಡಿ ‘ಅಸ್ತ್ರ’ ಎಂದಾಯಿತು. ಅದರ ಮುಂದಾಳು ಅಮೂಲ್ಯ ಕುಮಾರ್ ಎನ್. ರೆಡ್ಡಿಯವರು (1930–2006) ವಿದ್ಯುದ್ರಸಾಯನಶಾಸ್ತ್ರದಲ್ಲಿ ಜಗತ್ತೇ ಓದುವ ಪಠ್ಯಗ್ರಂಥದ ಸಹಲೇಖಕರು. ಅಂಥ ವಿದ್ವಾಂಸರು ಪ್ರಯೋಗಶಾಲೆಯಿಂದ ಕುಣಿಗಲ್ ತಾಲ್ಲೂಕಿನ ಉಂಗ್ರಕ್ಕೆ ನಡೆದರು. ಸುತ್ತಲ ಆರು ಹಳ್ಳಿಗಳಲ್ಲಿ ಅವರ ತಂಡ ಮಾಡಿದ ಮೊದಲ ಕೆಲಸ ಯಂತ್ರ ಹೂಡುವುದಲ್ಲ, ಲೆಕ್ಕ ಹಾಕುವುದು: ಯಾರ ಮನೆಯಲ್ಲಿ ಎಷ್ಟು ಸೌದೆ ಉರಿಯುತ್ತದೆ, ಅದನ್ನು ಯಾರು ತರುತ್ತಾರೆ, ಎಷ್ಟು ದೂರದಿಂದ ತರುತ್ತಾರೆ? ಹಳ್ಳಿಯ ಶಕ್ತಿಯ ಬಹುಪಾಲು ಸೌದೆಯಿಂದಲೇ ಬರುತ್ತದೆ, ಅದರ ಹೊರೆ ಹೆಚ್ಚಾಗಿ ಹೆಂಗಸರ, ಮಕ್ಕಳ ತಲೆಯ ಮೇಲಿದೆ ಎಂಬುದು ಆ ಲೆಕ್ಕದಿಂದ ಸ್ಪಷ್ಟವಾಯಿತು. ಮತ್ತೊಂದು ಮಾತೂ ಹೊರಬಿತ್ತು. ಹಳ್ಳಿಯವರು ಆಯುತ್ತಿದ್ದುದು ಒಣಗಿದ ಪುಳ್ಳೆ, ರೆಂಬೆಗಳನ್ನು. ಲಾರಿ ತುಂಬ ದಿಮ್ಮಿಗಳು ಬರುತ್ತಿದ್ದುದು ಪಟ್ಟಣದ ಸೌದೆ ಡಿಪೋಗಳಿಗೆ.

ಆ ಆರು ಹಳ್ಳಿಗಳಲ್ಲಿ ಪುರ ಒಂದು. ಅಲ್ಲಿ ಊರಿಗೆಲ್ಲ ಒಂದೇ ದೊಡ್ಡ ಗೋಬರ್ ಅನಿಲ ಸ್ಥಾವರವನ್ನು ಕಟ್ಟಿ, ಪ್ರತಿ ಮನೆಯ ಒಲೆಗೂ ಅನಿಲ ಒದಗಿಸುವುದೆಂದು 1980ರ ದಶಕದ ಆರಂಭದಲ್ಲಿ ಯೋಜಿಸಲಾಯಿತು. ಅದು ಸಾಗಲಿಲ್ಲ. ದನಗಳು ಮೇಯಲು ಹೋದಲ್ಲಿ ಬೀಳುವ ಸಗಣಿ ಕೊಟ್ಟಿಗೆಗೆ ಬರುವುದಿಲ್ಲ. ಕೈಗೆ ಸಿಕ್ಕಷ್ಟರಿಂದ ಎಲ್ಲ ಮನೆಗಳ ಅಡುಗೆ ಆಗುವಂತಿರಲಿಲ್ಲ. ಊರಿನವರಿಗಾದರೋ ಸೌದೆ ಹೇಗೋ ಸಿಗುತ್ತಿತ್ತು. ಅವರು ಮೊದಲು ಕೇಳಿದ್ದು ಕುಡಿಯುವ ಒಳ್ಳೆಯ ನೀರನ್ನು. ವಿಜ್ಞಾನಿಗಳು ಈ ಮಾತನ್ನು ಕೊನೆಗೆ ಕಿವಿಗೊಟ್ಟು ಕೇಳಿದರು. ಅನಿಲವನ್ನು ಒಲೆಗೆ ಕಳಿಸುವುದನ್ನು ಬಿಟ್ಟು 5 ಕಿಲೋವ್ಯಾಟ್ ಸಾಮರ್ಥ್ಯದ ಎಂಜಿನ್ನಿಗೆ ತಿರುಗಿಸಿದರು. ಕಿಡಿ ಹತ್ತಲು ತುಸು ಡೀಸೆಲ್, ಉಳಿದುದೆಲ್ಲ ಅನಿಲ. 1987ರಲ್ಲಿ ಅದರ ವಿದ್ಯುತ್ತು ಕೊಳವೆಬಾವಿಯ ನೀರನ್ನೆತ್ತಿತು. ಸಂಜೆ ಮನೆಗಳಲ್ಲಿ ಟ್ಯೂಬ್‌ಲೈಟು ಬೆಳಗಿತು.

ಇಲ್ಲಿ ಯಂತ್ರಕ್ಕಿಂತ ಹೆಚ್ಚು ವಿವೇಕದಿಂದ ಕೂಡಿದ್ದು ಅದರ ಸುತ್ತ ಏರ್ಪಟ್ಟ ವ್ಯವಸ್ಥೆ. ನಾನು ಆ ದಿನಗಳಲ್ಲಿ ತುಮಕೂರಿನಲ್ಲಿ ಅಧ್ಯಾಪಕನಾಗಿದ್ದೆ. ಒಮ್ಮೆ ಬೆಳಗ್ಗೆ ಹೋಗಿ ನೋಡಿದ್ದುಂಟು. ಮಂಕರಿಗಳಲ್ಲಿ ಬಂದ ಸಗಣಿಯನ್ನು ತಕ್ಕಡಿಗಿಟ್ಟು ತೂಗುತ್ತಿದ್ದರು. ಹೊತ್ತು ತಂದವರಿಗೆ ಕಿಲೋಗೆ 2 ಪೈಸೆಯಂತೆ ಕೂಲಿ. ಅದು ಬಹುಮಟ್ಟಿಗೆ ಹೆಂಗಸರ, ಮಕ್ಕಳ ಕೈಸೇರುತ್ತಿತ್ತು. ಅನಿಲ ಹೋದ ಮೇಲೆ ಉಳಿಯುವ ಬಗ್ಗಡವನ್ನು ಮರಳಿನ ಹಾಸಿನ ಮೇಲೆ ಸೋಸಿ, ಗಟ್ಟಿಯಾದುದನ್ನು ಅವರವರು ತಂದ ಪ್ರಮಾಣಕ್ಕೆ ತಕ್ಕಂತೆ ಗೊಬ್ಬರಕ್ಕಾಗಿ ಹಿಂದಿರುಗಿಸುತ್ತಿದ್ದರು. ಸ್ಥಾವರವನ್ನು ನಡೆಸುತ್ತಿದ್ದವರು ತರಬೇತಿ ಪಡೆದ ಊರಿನ ಹುಡುಗರೇ. ಎಂದರೆ, ಸಗಣಿ ಯಾರದ್ದೋ ಅವರದೇ ಆಗಿ ಉಳಿಯಿತು. ಊರು ಅದರಿಂದ ಅನಿಲವನ್ನು ಮಾತ್ರ ಎರವಲು ಪಡೆಯಿತು. ಯಾರೂ ತಮ್ಮ ತಿಪ್ಪೆಯನ್ನು ಕಳೆದುಕೊಳ್ಳಲಿಲ್ಲ.

1968ರಲ್ಲಿ ಗ್ಯಾರೆಟ್ ಹಾರ್ಡಿನ್ ಎಂಬ ಅಮೆರಿಕದ ವಿದ್ವಾಂಸ, ಎಲ್ಲರಿಗೂ ಸೇರಿದ ಗೋಮಾಳವನ್ನು ಪ್ರತಿಯೊಬ್ಬನೂ ತನ್ನ ಲಾಭಕ್ಕಾಗಿ ಮೇಯಿಸಿ ಹಾಳುಮಾಡುತ್ತಾನೆಂದು ವಾದಿಸಿ, ಅದನ್ನು ಸಾಮುದಾಯಿಕ ಸ್ವತ್ತಿನ ದುರಂತವೆಂದು ಕರೆದಿದ್ದ. ರೆಡ್ಡಿಯವರು ಪುರದಲ್ಲಿ ಕಂಡದ್ದು ಇದರ ವಿಪರ್ಯಯ. ಸಗಣಿಯನ್ನು ತಡೆಹಿಡಿದರೆ ತನ್ನ ಮನೆಯ ನಲ್ಲಿಯೂ ದೀಪವೂ ಅಂದೇ ನಿಲ್ಲುತ್ತವೆ. ತನ್ನ ಹಿತಕ್ಕಾಗಿಯೇ ಮನುಷ್ಯ ಊರಿನ ಹಿತವನ್ನು ಕಾಯಬೇಕಾಯಿತು. ಇದನ್ನು ಅವರು ಸಾಮುದಾಯಿಕ ಸ್ವತ್ತಿನ ವರವೆಂದು ಬಣ್ಣಿಸಿದರು.

ಕುಣಿಗಲ್ ತಾಲ್ಲೂಕಿನದೇ ಆದ ಹೊಸಹಳ್ಳಿಯಲ್ಲಿ ಎರಡನೆಯ ಪ್ರಯೋಗ ನಡೆಯಿತು; ಇಲ್ಲಿ ಸಗಣಿಯಲ್ಲ, ಸೌದೆ. ಸುಮಾರು 35 ಮನೆಗಳ ಆ ಊರಿಗೆ ವಿದ್ಯುತ್ತೇ ಬಂದಿರಲಿಲ್ಲ. 1988ರಲ್ಲಿ 3.7 ಕಿಲೋವ್ಯಾಟಿನ ಸಣ್ಣ ಅನಿಲಜನಕ ಬಂತು; ಮುಂದೆ ಅದರ ಸ್ಥಳದಲ್ಲಿ 20 ಕಿಲೋವ್ಯಾಟಿನದು ನಿಂತಿತು. ಹಿಂದೆ ಹೇಳಿದ ಇದ್ದಿಲು ಬಸ್ಸಿನ ತತ್ತ್ವವನ್ನೇ ವಿಜ್ಞಾನ ಸಂಸ್ಥೆಯವರು ಶುದ್ಧಗೊಳಿಸಿ ಕೊಟ್ಟಿದ್ದರು. ಸೌದೆಗಾಗಿ ಇದ್ದ ಮರಗಳ ಮೇಲೆ ಕೊಡಲಿ ಬೀಳಬಾರದೆಂದು ಮೊದಲು 2 ಹೆಕ್ಟೇರಿನಲ್ಲಿ ತೋಪು ಬೆಳೆಸಿದರು. ದೀಪ, ಕುಡಿಯುವ ನೀರು, ಹಿಟ್ಟಿನ ಗಿರಣಿ, ಕಡೆಗೆ ಹೊಲಕ್ಕೆ ನೀರು – ಎಲ್ಲವೂ ಆ ತೋಪಿನಿಂದ. 2004ಕ್ಕೆ ಹಿಂದಿನ ಆರು ವರ್ಷಗಳಲ್ಲಿ ನೂರಕ್ಕೆ 85ಕ್ಕೂ ಹೆಚ್ಚು ದಿನ ದೀಪ, ನೀರುಗಳು ತಪ್ಪಲಿಲ್ಲವೆಂಬುದು ದಾಖಲಾಗಿದೆ. ಸರ್ಕಾರಿ ತಂತಿಯಿದ್ದ ಎಷ್ಟೋ ಹಳ್ಳಿಗಳು ಆಗ ಇಷ್ಟನ್ನು ಕಂಡಿರಲಾರವು.

ಮೂರನೆಯ ಪ್ರಯೋಗಕ್ಕೆ ನಾವು ಕುಣಿಗಲ್ಲಿನಿಂದ ದಕ್ಷಿಣಕ್ಕೆ, ಕಬ್ಬಿನ ನಾಡಿಗೆ ಇಳಿಯಬೇಕು. 2001ರಲ್ಲಿ ಮಂಡ್ಯ ಜಿಲ್ಲೆಯ ಮಳವಳ್ಳಿ ತಾಲ್ಲೂಕಿನಲ್ಲಿ 4.5 ಮೆಗಾವ್ಯಾಟಿನ ವಿದ್ಯುದಾಗಾರ ಆರಂಭವಾಯಿತು. ಕಬ್ಬು ಕಡಿದ ಮೇಲೆ ಗದ್ದೆಯಲ್ಲಿ ಉಳಿಯುವ ತರಗು, ತೆಂಗಿನ ಗರಿ ಮುಂತಾದವನ್ನು ಕುಲುಮೆಯಲ್ಲಿ ಉರಿಸಿ, ಹಬೆಯಿಂದ ಚಕ್ರ ತಿರುಗಿಸಿ, ವಿದ್ಯುತ್ತನ್ನು ಜಾಲಕ್ಕೆ ಮಾರುವುದು ಅದರ ಕ್ರಮ. ಸಾಮರ್ಥ್ಯದಲ್ಲಿ ಅದು ಪುರದ ಎಂಜಿನ್ನಿನ 900 ಪಟ್ಟು. ರೈತ ಗದ್ದೆಯಲ್ಲೇ ಸುಟ್ಟುಬಿಡುತ್ತಿದ್ದ ತರಗಿಗೆ ಬೆಲೆ ಬಂದದ್ದು ಸಣ್ಣ ಲಾಭವಲ್ಲ.

ಆದರೆ ಗಾತ್ರ ಬದಲಾದಾಗ ಸಂಬಂಧವೂ ಬದಲಾಗುತ್ತದೆ. ಯೂನಿಟ್ಟಿಗೆ ಒಂದೂಕಾಲು ಕಿಲೋ ಉರುವಲೆಂದು ಹಿಡಿದರೂ, ಇಷ್ಟು ಸಾಮರ್ಥ್ಯದ ವಿದ್ಯುದಾಗಾರ ಪೂರ್ಣ ಶಕ್ತಿಯಿಂದ ನಡೆದರೆ ದಿನಕ್ಕೆ 135 ಟನ್ ಬೇಕು. ತರಗು ಹಗುರ, ಲಾರಿ ತುಂಬಿದರೂ ತೂಕ ತುಂಬದು. ಸುಗ್ಗಿಯಲ್ಲಿ ರಾಶಿ, ಮಳೆಗಾಲದಲ್ಲಿ ಬರ. ಬೆಲೆ ಬಂದೊಡನೆ ಅದಕ್ಕೆ ಇಟ್ಟಿಗೆ ಗೂಡಿನವರೂ ಬೆಲ್ಲದವರೂ ಪೈಪೋಟಿಗಿಳಿಯುತ್ತಾರೆ. ಮಾರಿದಷ್ಟು ಮಣ್ಣಿಗೆ ಮರಳುವುದು ಕಡಿಮೆಯಾಗುತ್ತದೆ. ಇದುವರೆಗೆ ಬಿಟ್ಟಿಯಾಗಿ ಆಯ್ದುಕೊಳ್ಳುತ್ತಿದ್ದ ಬಡವಳಿಗೆ ಗದ್ದೆಯ ಒಡೆಯ ಬೇಡವೆನ್ನಬಹುದು. ವಿದ್ಯುತ್ತಿಗೆ ಗೊತ್ತುಪಡಿಸಿದ ದರ ಇದ್ದಲ್ಲೇ ನಿಂತು, ಉರುವಲಿನ ಬೆಲೆ ಏರಿದ್ದರಿಂದ ದೇಶದಲ್ಲಿ ಇಂಥ ಹಲವು ವಿದ್ಯುದಾಗಾರಗಳು ಮುಚ್ಚಿದವು. ‘ತ್ಯಾಜ್ಯ’ವೆಂದು ನಂಬಿ ಹಾಕಿದ ಲೆಕ್ಕವನ್ನು ಅದರ ಬೆಲೆಯೇ ಸುಳ್ಳಾಗಿಸಿತು. ಸಕ್ಕರೆ ಕಾರ್ಖಾನೆಗಳು ಮಾತ್ರ ಈ ಕಷ್ಟದಿಂದ ಬಹುಮಟ್ಟಿಗೆ ಪಾರಾದವು. ಕಬ್ಬಿನ ತೂಕದ ಮೂರರಲ್ಲೊಂದು ಪಾಲಿನಷ್ಟು ಸಿಪ್ಪೆ ಅವುಗಳ ಅಂಗಳಕ್ಕೇ ಬಂದು ಬೀಳುತ್ತದೆ; ಅದನ್ನು ಊರೂರು ಅಲೆದು ಕೊಳ್ಳಬೇಕಾಗಿಲ್ಲ.

ಪುರದ ಸ್ಥಾವರ ಸುಮಾರು ಒಂದು ದಶಕ ನಡೆದು ನಿಂತಿತು. ಅದರಿಂದ ಕಲಿತ ಪಾಠಗಳನ್ನು ಕುರಿತು ರೆಡ್ಡಿಯವರು 2004ರಲ್ಲಿ ಬರೆದರು. ಹೊಸಹಳ್ಳಿಯ ಯಂತ್ರವೂ ಮುಂದೆ ಮೌನವಾಯಿತು. ಇದನ್ನು ನೋಡಿ, ಇವೆಲ್ಲ ಸೋತ ಪ್ರಯೋಗಗಳೆಂದು ಹೇಳುವವರಿದ್ದಾರೆ. ನಾನು ಹಾಗೆ ತಿಳಿಯುವುದಿಲ್ಲ. ಹತ್ತು ವರ್ಷ ಒಂದು ಊರು ತನ್ನ ನೀರು ಬೆಳಕುಗಳನ್ನು ತಾನೇ ತೂಗಿ, ಅಳೆದು, ಹಂಚಿಕೊಂಡಿತೆಂದರೆ ಅದು ಚರಿತ್ರೆಯಲ್ಲಿ ಬರೆದಿಡತಕ್ಕ ಸಂಗತಿ. ಇಂದು ಮತ್ತೆ ಕಲ್ಲಿದ್ದಲಿನ ಬದಲು ಹೊಲದ ಉಳಿಕೆಯನ್ನು ಉರಿಸಬೇಕೆಂಬ ಮಾತು ಬಲವಾಗಿದೆ. ಒಳ್ಳೆಯದೇ. ಆದರೆ ಕುಲುಮೆಯ ಗಾತ್ರವನ್ನು ನಿಶ್ಚಯಿಸುವ ಮೊದಲು ಪುರದಲ್ಲಿ ಕೇಳಿದ ಪ್ರಶ್ನೆಗಳನ್ನು ಕೇಳಬೇಕು: ಇದನ್ನು ಇಂದು ಯಾರು ಬಳಸುತ್ತಿದ್ದಾರೆ? ಹೊತ್ತು ತರುವವರಿಗೆ ಏನು ದೊರೆಯುತ್ತದೆ? ನೆಲಕ್ಕೆ ಏನು ಹಿಂದಿರುಗುತ್ತದೆ? ತಕ್ಕಡಿಯ ಮುಂದೆ ಮಂಕರಿ ಇಳಿಸಿದ ಆ ಹೆಂಗಸರಿಗೆ 2 ಪೈಸೆ ಸಲ್ಲಬೇಕೆಂದು ತೋಚಿದ ಬುದ್ಧಿ ಮುಂದಿನ ಯೋಜನೆಗಳಲ್ಲಿಯೂ ಇರಲಿ.