ಗುಣಿಸಬೇಕೋ, ಭಾಗಿಸಬೇಕೋ?

ಮುಂಬಯಿಯ ಬೈಕುಲ್ಲಾದ ರಾಣಿಬಾಗ್ ಮೃಗಾಲಯ ನೋಡಲು 130 ಮಕ್ಕಳು ಹೊರಟಿದ್ದಾರೆ; ಒಂದು ಬಸ್ಸಿನಲ್ಲಿ 40 ಮಂದಿಗೆ ಜಾಗ. ಬಸ್ಸು ಎಷ್ಟು ಬೇಕು? ‘ಭಾಗಲಬ್ಧ 3, ಶೇಷ 10’ ಎಂದು ಬರೆದ ಮಗುವಿನ ಭಾಗಾಕಾರ ಸರಿ, ಉತ್ತರ ತಪ್ಪು. 1980ರ ದಶಕದ ಆರಂಭದಲ್ಲಿ ಅಮೆರಿಕದ ರಾಷ್ಟ್ರೀಯ ಸಮೀಕ್ಷೆಯೊಂದು 13 ವರ್ಷದವರಿಗೆ ಇಂಥದೇ ಲೆಕ್ಕ ಕೊಟ್ಟಿತ್ತು: 1128 ಸೈನಿಕರು, ಬಸ್ಸಿಗೆ 36 ಮಂದಿ. ಸುಮಾರು ಶೇ. 70 ಮಂದಿ ಸರಿಯಾಗಿ ಭಾಗಿಸಿದರು. 32 ಬಸ್ಸು ಬೇಕೆಂದವರು ಶೇ. 23ರಷ್ಟು ಮಾತ್ರ.

ಕನ್ನಡ ನಾಡಿನಲ್ಲಿ ಈ ಬಗೆಯ ಲೆಕ್ಕಗಳಿಗೆ ಸಾವಿರ ವರ್ಷಕ್ಕೂ ಮಿಕ್ಕಿದ ಪರಂಪರೆಯಿದೆ. 9ನೇ ಶತಮಾನದಲ್ಲಿ, ಅಮೋಘವರ್ಷನ ಕಾಲದ ಮಹಾವೀರಾಚಾರ್ಯ ಸಂಸ್ಕೃತದಲ್ಲಿ ‘ಗಣಿತಸಾರಸಂಗ್ರಹ’ ಬರೆದ. 12ನೇ ಶತಮಾನದ ರಾಜಾದಿತ್ಯ ಕನ್ನಡದಲ್ಲೇ ‘ವ್ಯವಹಾರಗಣಿತ’ ರಚಿಸಿದ. ಈ ಪರಂಪರೆಯ ಬೆನ್ನೆಲುಬು ತ್ರೈರಾಶಿಕ. ಪ್ರಮಾಣ (ಗೊತ್ತಿರುವ ಅಳತೆ), ಫಲ (ಅದಕ್ಕೆ ಸಿಗುವುದು), ಇಚ್ಛೆ (ಕೇಳಿದ ಅಳತೆ) ಎಂದು ಮೂರು ರಾಶಿ. ಫಲವನ್ನು ಇಚ್ಛೆಯಿಂದ ಗುಣಿಸಿ ಪ್ರಮಾಣದಿಂದ ಭಾಗಿಸಬೇಕು. ಇಲ್ಲಿ ಕ್ರಿಯೆಯನ್ನು ಆರಿಸುವ ಪ್ರಮೇಯವೇ ಇಲ್ಲ, ಕ್ರಮ ಮೊದಲೇ ಗೊತ್ತು. ಕಲಿಯುವವನು ತಲೆ ಓಡಿಸಬೇಕಾದದ್ದು ಯಾವ ಸಂಖ್ಯೆ ಯಾವ ಜಾತಿಯದು, ಎಲ್ಲಿ ಕೂರಬೇಕು ಎಂಬುದಕ್ಕೆ. ಯಾಂತ್ರಿಕವೆಂದು ನಾವು ಬದಿಗಿಟ್ಟ ಈ ಪದ್ಧತಿಯಲ್ಲಿ ಅಷ್ಟು ವಿವೇಕವಿತ್ತು ಎಂದೇ ನನ್ನ ನಂಬಿಕೆ.

ಆ ಜಾಗಕ್ಕೆ ಬಂದದ್ದು ಸುಳಿವು ಹುಡುಕುವ ಅಭ್ಯಾಸ: ‘ಒಟ್ಟು’ ಕಂಡರೆ ಕೂಡು, ‘ಹಂಚು’ ಕಂಡರೆ ಭಾಗಿಸು. 96 ಕಿಲೋ ಈರುಳ್ಳಿಯನ್ನು ತಲಾ 8 ಕಿಲೋದ ಚೀಲಗಳಿಗೆ ತುಂಬಿದರೆ 12 ಚೀಲ. ಅದನ್ನೇ 8 ಚೀಲಗಳಿಗೆ ಸಮನಾಗಿ ತುಂಬಿದರೆ ಚೀಲಕ್ಕೆ 12 ಕಿಲೋ. ತಲಾ 8 ಕಿಲೋದ 96 ಚೀಲಗಳಿದ್ದರೆ ಗುಣಾಕಾರ. ಸುಳಿವನ್ನಷ್ಟೇ ನೆಚ್ಚಿದ ಮಗು ಇಲ್ಲಿ ದಾರಿ ತಪ್ಪುತ್ತದೆ.

ಈರುಳ್ಳಿಯ ಮೊದಲೆರಡು ಲೆಕ್ಕಗಳ ಈ ವ್ಯತ್ಯಾಸವನ್ನು, ಅಂದರೆ ಅಳೆಯುವ ಭಾಗಾಕಾರ ಮತ್ತು ಹಂಚುವ ಭಾಗಾಕಾರಗಳನ್ನು, ಇಸ್ರೇಲಿನ ಎಫ್ರೈಮ್ ಫಿಶ್‌ಬೈನ್ ಮತ್ತು ಸಂಗಡಿಗರು 1985ರಲ್ಲಿ ಇಟಲಿಯ ಶಾಲಾಮಕ್ಕಳ ಅಧ್ಯಯನದಲ್ಲಿ ಪರಿಶೀಲಿಸಿದರು. 15 ಗೆಳೆಯರು 5 ಕಿಲೋ ಬಿಸ್ಕತ್ತು ಕೊಂಡರೆ ಒಬ್ಬೊಬ್ಬರಿಗೆ ಎಷ್ಟು? ಅನೇಕರು 15ನ್ನು 5ರಿಂದ ಭಾಗಿಸಿದ್ದರು. ದೊಡ್ಡದನ್ನೇ ಚಿಕ್ಕದರಿಂದ ಭಾಗಿಸಬೇಕೆಂಬ ಗ್ರಹಿಕೆ ಮೊದಮೊದಲ ಉದಾಹರಣೆಗಳಿಂದಲೇ ಮನಸ್ಸಿನಲ್ಲಿ ಬೇರೂರಿರುತ್ತದೆ. ಆ ಅಧ್ಯಯನಕ್ಕೆ ಎರಡು ವರ್ಷ ಮೊದಲೇ ಫ್ರಾನ್ಸಿನ ಜೆರಾರ್ ವೆರ್ನ್ಯೋ, ಗುಣಾಕಾರ ಭಾಗಾಕಾರಗಳೆರಡೂ ನಾಲ್ಕು ಪರಿಮಾಣಗಳ ಒಂದೇ ಸಂಬಂಧದ ಮುಖಗಳೆಂದು ತೋರಿಸಿದ್ದರು. ಮೂರು ಗೊತ್ತಿದ್ದು ನಾಲ್ಕನೆಯದನ್ನು ಹುಡುಕುವ ತ್ರೈರಾಶಿಕಕ್ಕೂ ಇದಕ್ಕೂ ಎಷ್ಟು ಹತ್ತಿರ!

ಇಂಥ ಅಧ್ಯಯನಗಳಿಗೆ ಮುಂಬಯಿಯ ಕೊಡುಗೆ ಇನ್ನೊಂದು ದಿಕ್ಕಿನದು. ಮಾನ್‌ಖುರ್ದ್‌ನಲ್ಲಿರುವ ಹೋಮಿ ಭಾಭಾ ವಿಜ್ಞಾನ ಶಿಕ್ಷಣ ಕೇಂದ್ರದ ಅರಿಂದಂ ಬೋಸ್ ಮತ್ತು ಕೆ. ಸುಬ್ರಮಣ್ಯಂ, ಧಾರಾವಿಯ ಮಕ್ಕಳು ಮನೆಗೆಲಸ, ಕಸುಬು, ವ್ಯಾಪಾರಗಳ ನಡುವೆ ಕಲಿತ ಲೆಕ್ಕವನ್ನು ಅಧ್ಯಯನ ಮಾಡಿದರು. ಅಳತೆ, ದರ, ಸರಕು ಕಣ್ಣೆದುರಿಗಿದ್ದಾಗ ಅವರು ಸಂಖ್ಯೆಗಳನ್ನು ಅನುಕೂಲಕ್ಕೆ ತಕ್ಕಂತೆ ಒಡೆದು ಜೋಡಿಸಿಕೊಳ್ಳುತ್ತಿದ್ದರು. 2025ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದ ಕೋಲ್ಕತ್ತಾ, ದಿಲ್ಲಿ ಮಾರುಕಟ್ಟೆಗಳ ಅಧ್ಯಯನ ಕಳವಳ ಹುಟ್ಟಿಸುತ್ತದೆ: ಮಾರುವ ಮಕ್ಕಳಿಗೆ ಶಾಲೆಯ ಲೆಕ್ಕ ಕಷ್ಟ, ಶಾಲೆಯಲ್ಲಿ ಜಾಣರಾದವರಿಗೆ ಮಾರುಕಟ್ಟೆಯ ಲೆಕ್ಕ ಕಷ್ಟ.

ಮುಂಬಯಿಯಲ್ಲೇ ಹುಟ್ಟಿದ ‘ಪ್ರಥಮ್’ ಸಂಸ್ಥೆಯ ನೆರವಿನಿಂದ 2005ರಲ್ಲಿ ಆರಂಭವಾದ ‘ಅಸರ್’ ಗ್ರಾಮೀಣ ಶಿಕ್ಷಣ ಸಮೀಕ್ಷೆಯ ಮೂಲ ಪರೀಕ್ಷೆ, ಮೂರಂಕಿಯನ್ನು ಒಂದಂಕಿಯಿಂದ ಭಾಗಿಸಲು ಕೇಳುತ್ತದೆ. ಕ್ರಿಯೆಯನ್ನು ಪರೀಕ್ಷಕರೇ ಆರಿಸಿ ಕೊಟ್ಟಿರುತ್ತಾರೆ. ಆರಿಸುವುದನ್ನು ಕಲಿಸಬೇಕಾದದ್ದು ತರಗತಿಯಲ್ಲೇ. ಮಹಾರಾಷ್ಟ್ರದ ‘ಬಾಲಭಾರತಿ’ ಕನ್ನಡದಲ್ಲೂ ಪಠ್ಯಪುಸ್ತಕ ಮುದ್ರಿಸುತ್ತದೆ. ಮುಂಬಯಿ ಮಹಾನಗರಪಾಲಿಕೆ ಕನ್ನಡ ಶಾಲೆಗಳನ್ನೂ ನಡೆಸಿಕೊಂಡು ಬಂದಿದೆ. ಆ ತರಗತಿಗಳಲ್ಲಿ ಸಂಖ್ಯೆಗಳನ್ನು ಮರೆಮಾಡಿ, ಈರುಳ್ಳಿಯ ಲೆಕ್ಕವನ್ನು ಬರೀ ಕಥೆಯಾಗಿ ಹೇಳಿ, ಉತ್ತರ ಚೀಲವೋ ಕಿಲೋವೋ ಎಂದು ಮೊದಲು ಕೇಳಬಹುದು. ಅದಕ್ಕೆ ಹೊಸ ಪುಸ್ತಕ ಬೇಕಿಲ್ಲ.