ದುಡಿಮೆಯ ನಡುವೆ ಬಂದ ಅಂಗವೈಕಲ್ಯ: ಡೊಂಬಿವಲಿ–ಥಾಣೆ ವಲಯದಲ್ಲಿ ಕಾನೂನಿನ ಎರಡು ಅಳತೆ

ಡೊಂಬಿವಲಿಯ ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ 2016ರ ಮೇ 26ರಂದು, ಮತ್ತೆ 2024ರ ಮೇ 23ರಂದು ರಾಸಾಯನಿಕ ಕಾರ್ಖಾನೆಗಳಲ್ಲಿ ಸ್ಫೋಟವಾಯಿತು. ಎರಡೂ ಬಾರಿ ಮಡಿದವರ ಲೆಕ್ಕ, ಪರಿಹಾರದ ಮೊತ್ತ, ಕಾರ್ಖಾನೆಗಳ ಸ್ಥಳಾಂತರ ಚರ್ಚೆಗೆ ಬಂದವು. ಇಂಥ ಅವಘಡದಲ್ಲಿ ಕಣ್ಣನ್ನೋ ಕೈಯನ್ನೋ ಕಳೆದುಕೊಂಡು ಬದುಕುಳಿದವನ ನೌಕರಿಯ ಗತಿಯೇನು ಎಂಬ ಪ್ರಶ್ನೆಗೆ ನಮ್ಮ ಕಾನೂನು ಒಂದೇ ಉತ್ತರ ಕೊಡುವುದಿಲ್ಲ.

ಕಲ್ಯಾಣದ ರೈಲ್ವೆ ಶೆಡ್ಡಿನಲ್ಲಿ ಕಾಲು ಕಳೆದುಕೊಂಡ ನೌಕರನಿಗೆ ಉತ್ತರ ಸ್ಪಷ್ಟವಾಗಿದೆ. ಅಂಗವಿಕಲರ ಹಕ್ಕುಗಳ ಕಾಯ್ದೆ 2016ರ 20(4)ನೇ ಕಲಮಿನಂತೆ, ಸೇವೆಯಲ್ಲಿದ್ದಾಗ ಅಂಗವಿಕಲನಾದವನನ್ನು ಸರ್ಕಾರಿ ಸಂಸ್ಥೆ ಕೆಲಸದಿಂದ ತೆಗೆಯುವಂತಿಲ್ಲ, ದರ್ಜೆ ಇಳಿಸುವಂತಿಲ್ಲ. ಹಳೆಯ ಹುದ್ದೆ ನಿಭಾಯಿಸಲಾಗದಿದ್ದರೆ ಅದೇ ವೇತನಶ್ರೇಣಿಯ ಬೇರೆ ಹುದ್ದೆ ಕೊಡಬೇಕು. ಅದೂ ಇಲ್ಲದಿದ್ದರೆ ಸೂಕ್ತ ಹುದ್ದೆ ಸಿಗುವ ತನಕ ಅಥವಾ ನಿವೃತ್ತಿಯ ತನಕ ಹೆಚ್ಚುವರಿ ಹುದ್ದೆಯಲ್ಲಿ ಇರಿಸಿಕೊಳ್ಳಬೇಕು. ಇದಕ್ಕೂ ಹಿಂದಿದ್ದ 1995ರ ಅಂಗವಿಕಲರ ಕಾಯ್ದೆಯ 47ನೇ ಕಲಮಿನಲ್ಲೂ ಈ ರಕ್ಷಣೆಯಿತ್ತು. ಕಾಲು ಕತ್ತರಿಸಿದ ಕಾರಣಕ್ಕೆ ಮನೆಗೆ ಕಳುಹಿಸಲಾಗಿದ್ದ ಕಾನ್‌ಸ್ಟೆಬಲ್ ಕುನಾಲ್ ಸಿಂಗ್ ಅವರಿಗೆ ಸುಪ್ರೀಂ ಕೋರ್ಟ್ 2003ರಲ್ಲಿ ನೌಕರಿ ಮರಳಿಸಿದ್ದು ಇದರ ಬಲದಿಂದಲೇ.

ಅದೇ ಗಾಯ ಥಾಣೆಯ ವಾಗಳೆ ಎಸ್ಟೇಟಿನ ಖಾಸಗಿ ಕಾರ್ಖಾನೆಯಲ್ಲಾದರೆ 20(4) ಅನ್ವಯಿಸದು. ಅಲ್ಲಿನ ಕಾರ್ಮಿಕನಿಗೆ ಬಹುಕಾಲ ಆಸರೆಯಾಗಿದ್ದ 1948ರ ಇಎಸ್‌ಐ ಕಾಯ್ದೆಯ 73ನೇ ಕಲಂ ವಜಾ ಮಾಡುವುದನ್ನು ತಡೆದದ್ದು ತಾತ್ಕಾಲಿಕ ವೈಕಲ್ಯದ ಭತ್ಯೆ ಸಿಗುವ ಅವಧಿಯಲ್ಲಿ ಮಾತ್ರ. ಗಾಯ ಮಾಗಿ, ವೈಕಲ್ಯ ಶಾಶ್ವತವೆಂದು ವೈದ್ಯಮಂಡಳಿ ಬರೆದುಕೊಟ್ಟ ಮೇಲೆ ಕಳೆದುಹೋದ ದುಡಿಯುವ ಶಕ್ತಿಗೆ ಹಣ ಸಿಗುತ್ತದೆ, ನೌಕರಿಗೆ ಆ ಕಾವಲಿಲ್ಲ. ರಕ್ಷಣೆ ಅತಿ ಅಗತ್ಯವಾದ ದಿನವೇ ಅದು ಕೊನೆಗೊಳ್ಳುವುದು ಅನ್ಯಾಯವೆಂದೇ ನನ್ನ ತೀರ್ಮಾನ. ಭಾರತ 2007ರ ಅಕ್ಟೋಬರ್ 1ರಂದು ಅನುಮೋದಿಸಿದ, ಅಂಗವಿಕಲರ ಹಕ್ಕುಗಳ ಕುರಿತ ವಿಶ್ವಸಂಸ್ಥೆಯ ಒಡಂಬಡಿಕೆಯ 27ನೇ ವಿಧಿ, ದುಡಿಮೆಯ ನಡುವೆ ಅಂಗವಿಕಲರಾದವರನ್ನು ಹೆಸರಿಸಿಯೇ ಒಳಗೊಳ್ಳುತ್ತದೆ. ಅಲ್ಲಿ ಸರ್ಕಾರಿ, ಖಾಸಗಿ ಎಂಬ ಭೇದವಿಲ್ಲ.

ಹಾಗೆಂದು ಖಾಸಗಿ ಕಾರ್ಮಿಕ ಪೂರ್ತಿ ನಿರಾಯುಧನಲ್ಲ. ವಕೀಲರು ಹೆಚ್ಚು ಒತ್ತಬೇಕಾದ ದಾರಿಯೊಂದು 2016ರ ಕಾಯ್ದೆಯೊಳಗೇ ಇದೆ. 3(3)ನೇ ಕಲಂ ವೈಕಲ್ಯದ ನೆಲೆಯಲ್ಲಿ ತಾರತಮ್ಯವನ್ನು ನಿಷೇಧಿಸುವಾಗ ‘ಸರ್ಕಾರಿ’ ಎಂಬ ಮಿತಿ ಹಾಕಿಲ್ಲ. ತಾರತಮ್ಯದ ವ್ಯಾಖ್ಯೆಯಲ್ಲೇ, 2(ಎಚ್) ಕಲಮಿನಲ್ಲಿ, ಸಮಂಜಸ ಹೊಂದಾಣಿಕೆ ನಿರಾಕರಿಸುವುದೂ ಸೇರಿದೆ. ಎರಡನ್ನೂ ಜೋಡಿಸಿ ಓದಿದರೆ, ಬೇರೆ ಕೆಲಸವನ್ನಾಗಲಿ ಬದಲಿ ಪಾಳಿಯನ್ನಾಗಲಿ ಪರಿಶೀಲಿಸದೆಯೇ ಹೊರಹಾಕುವುದು ತಾರತಮ್ಯವಾಗುತ್ತದೆ. ವಿಕಾಶ್ ಕುಮಾರ್ ಪ್ರಕರಣದಲ್ಲಿ (2021) ಇಂಥ ಹೊಂದಾಣಿಕೆಯನ್ನು ಸಮಾನತೆಯ ಭಾಗವೆಂದೇ ಸುಪ್ರೀಂ ಕೋರ್ಟ್ ಕಂಡಿದೆ. ಉದ್ಯೋಗದಾತನಿಗೆ ಮಿತಿಮೀರಿದ ಹೊರೆಯಾಗಬಾರದು ಎಂಬ ಷರತ್ತು ಕಾಯ್ದೆಯಲ್ಲಿದೆ, ನಿಜ. ಆದರೆ ಡೊಂಬಿವಲಿಯಿಂದ ವಾಶಿಗೆ ಹೋಗುವವರು ಥಾಣೆಯಲ್ಲಿ ಗಾಡಿ ಬದಲಿಸಬೇಕು. ಊರುಗೋಲು ಹಿಡಿದವರು ಜನಜಂಗುಳಿ ತಪ್ಪಿಸಿ ಒಂದು ಗಂಟೆ ತಡವಾಗಿ ಬಂದರೆ ಯಾವ ಕಚೇರಿಯೂ ಮುಳುಗದು.

21ನೇ ಕಲಮಿನ ಪ್ರಕಾರ ಖಾಸಗಿಯವೂ ಸೇರಿ ಪ್ರತಿ ಸಂಸ್ಥೆಯೂ ಸಮಾನ ಅವಕಾಶ ನೀತಿಯನ್ನು ಪ್ರಕಟಿಸಬೇಕು. ಆದರೆ 2017ರ ನಿಯಮಗಳು ವಿವರವಾದ ನೀತಿಯನ್ನು ಕೇಳುವುದು 20 ಅಥವಾ ಹೆಚ್ಚು ನೌಕರರಿರುವ ಖಾಸಗಿ ಸಂಸ್ಥೆಗಳಿಂದ. ಅದಕ್ಕಿಂತ ಚಿಕ್ಕವು ಒದಗಿಸುವ ಸೌಲಭ್ಯಗಳನ್ನಷ್ಟೇ ಹೇಳಿದರೆ ಸಾಕು. ಕರಾವಳಿಯಿಂದ ಬಂದ ನಮ್ಮವರು ಈ ಪಟ್ಟಣಗಳಲ್ಲಿ ಕಟ್ಟಿದ ಸಣ್ಣ ಉಡುಪಿ ಹೋಟೆಲುಗಳು ಈ ಸಡಿಲಿಕೆಗೆ ಸಿಗುವಂಥವು. ಭಟ್ಟಿಯ ಮುಂದೆ ಕೈ ಸುಟ್ಟುಕೊಂಡವನನ್ನು ಗಲ್ಲಾಪೆಟ್ಟಿಗೆಗೆ ಕೂರಿಸುವ ಧಣಿ ಇರಬಹುದು, ಊರಿಗೆ ಬಸ್ಸು ಹತ್ತಿಸುವವನೂ ಇರಬಹುದು. ಕೆಲಸಗಾರನ ಹಕ್ಕು ಧಣಿಯ ಸ್ವಭಾವವನ್ನು ನೆಚ್ಚಿಕೊಂಡಿರಬಾರದು.

ದೂರಿನ ದಾರಿಯೂ ದೀರ್ಘ. ಕುಂದುಕೊರತೆ ಅಧಿಕಾರಿಯನ್ನು ನೇಮಿಸುವ ಹೊಣೆ, 23ನೇ ಕಲಮಿನಂತೆ, ಸರ್ಕಾರಿ ಸಂಸ್ಥೆಗಳದ್ದು ಮಾತ್ರ. ರಾಜ್ಯ ಆಯುಕ್ತರ ಕಚೇರಿ ಇರುವುದು ಪುಣೆಯಲ್ಲಿ. ಗಂಭೀರ ಅಪಘಾತಗಳ ಸೂಚನೆಯನ್ನು ಕಾರ್ಖಾನೆಗಳು ಈಗಲೂ ಔದ್ಯೋಗಿಕ ಸುರಕ್ಷತೆ ಮತ್ತು ಆರೋಗ್ಯ ನಿರ್ದೇಶನಾಲಯಕ್ಕೆ ಕಳುಹಿಸಬೇಕು. ಅದರ ಪ್ರತಿಯೊಂದು ಪುಣೆಗೂ ಹೋಗುವಂತೆ, ಗಾಯಾಳುವಿಗೆ ಯಾವ ಬದಲಿ ಕೆಲಸ ಕೊಡಲಾಯಿತು, ಕೊಡದಿದ್ದರೆ ಏಕೆ ಎಂಬುದನ್ನು ಮಾಲೀಕ ಲಿಖಿತವಾಗಿ ತಿಳಿಸುವಂತೆ ಮಹಾರಾಷ್ಟ್ರ ನಿಯಮ ರೂಪಿಸಬೇಕು. ಆಗ ವಜಾ ಆದೇಶವನ್ನು ಪ್ರಶ್ನಿಸುವ ಕಾರ್ಮಿಕನ ಕೈಯಲ್ಲಿ ಮೊದಲ ದಿನವೇ ಒಂದು ದಾಖಲೆ ಇರುತ್ತದೆ.