ಸೆರೆಮನೆಯೊಳಗಿನ ಇನ್ನೊಂದು ಸರಕಾರ

ಜೇವರ್ಗಿ ತಾಲೂಕಿನ ನಮ್ಮ ನೆಲೋಗಿ, 2004ರಲ್ಲಿ ರಾಜ್ಯದ ಮುಖ್ಯಮಂತ್ರಿಯಾದ ಧರಮ್ ಸಿಂಗ್ ಅವರ ಹುಟ್ಟೂರು. ಆದರೂ ಭೀಮಾತೀರವೆಂದೊಡನೆ ಪತ್ರಿಕೆ ಓದುವವರ ನೆನಪಿಗೆ ಬರುವುದು ಸೇಡಿನ ಕೊಲೆಗಳೇ. ಹೊಲದ ಬದುವಿನ ಜಗಳದಲ್ಲಿ ಕೈಯೆತ್ತಿದ ಹುಡುಗನೊಬ್ಬ ಕಲಬುರಗಿಯ ಸೆರೆಮನೆ ಸೇರಿದರೆ ಹೊರಬರುವಾಗ ಏನಾಗಿರುತ್ತಾನೆ? ಈ ಪ್ರಶ್ನೆ ನನ್ನನ್ನು ದೂರದ ಬ್ರೆಜಿಲ್ ದೇಶದ ಇತಿಹಾಸದೆಡೆಗೆ ಒಯ್ದಿತು.

ಅಲ್ಲಿನ ಸಾವೊ ಪಾವ್ಲೊ ನಗರದ ಕರಂದಿರು ಸೆರೆಮನೆಯಲ್ಲಿ 1992ರ ಅಕ್ಟೋಬರ್ 2ರಂದು ದಂಗೆಯೆದ್ದಿತು. ಅದನ್ನು ಅಡಗಿಸಲು ಪೊಲೀಸರು ಒಳನುಗ್ಗಿದರು. 111 ಕೈದಿಗಳು ಸತ್ತರು. ಮರುವರ್ಷ ಅದೇ ರಾಜ್ಯದ ತೌಬಾತೆ ಸೆರೆಮನೆಯಲ್ಲಿ ಎಂಟು ಮಂದಿ ಕೈದಿಗಳು ಒಂದು ಕೂಟ ಕಟ್ಟಿದರು. 'ರಾಜಧಾನಿಯ ಮೊದಲ ಪಡೆ' ಎಂಬುದು ಅದರ ಹೆಸರಿನ ಅರ್ಥ. ಕೈದಿಗಳು ಒಬ್ಬರನ್ನೊಬ್ಬರು ಹಿಂಸಿಸಕೂಡದು, ಹೊರಗಿರುವವನು ಒಳಗಿರುವವನನ್ನು ಮರೆಯಕೂಡದು ಎಂಬುದು ಅದರ ಕಟ್ಟಳೆಯ ತಿರುಳು. ಸರಕಾರ ಕೊಡದ ರಕ್ಷಣೆಯನ್ನು ಕೂಟ ಕೊಟ್ಟಿತು, ವಕೀಲರನ್ನು ಗೊತ್ತುಮಾಡಿತು, ಭೇಟಿಗೆ ಬರುವ ಹೆಂಡಿರು ಮಕ್ಕಳಿಗೆ ಬಸ್ಸು ಒದಗಿಸಿತು. ಆದರೆ ಇದೆಲ್ಲ ಋಣ. ಬಿಡುಗಡೆಯಾದವನು ತಿಂಗಳ ವಂತಿಗೆ ಸಲ್ಲಿಸಿ ಅದನ್ನು ತೀರಿಸಬೇಕಾಯಿತು. ಮಾದಕ ವಸ್ತುಗಳ ವ್ಯಾಪಾರ ಬೆಳೆದದ್ದು ಈ ಬಲದ ಮೇಲೆಯೇ.

ಅಧಿಕಾರಿಗಳು ಮುಖಂಡರನ್ನು ಬೇರೆ ಬೇರೆ ಸೆರೆಮನೆಗಳಿಗೆ ಅಟ್ಟಿದರು. ಕಳೆ ಕಿತ್ತು ನೆರೆಯ ಹೊಲಕ್ಕೆ ಎಸೆದಂತಾಯಿತು. 2001ರ ಫೆಬ್ರವರಿಯಲ್ಲಿ 29 ಸೆರೆಮನೆಗಳು ಏಕಕಾಲಕ್ಕೆ ದಂಗೆಯೆದ್ದವು. 2006ರ ಮೇ ತಿಂಗಳಲ್ಲಿ ಸಾವೊ ಪಾವ್ಲೊ ಮಹಾನಗರವೇ ದಿನಗಟ್ಟಲೆ ತತ್ತರಿಸಿತು. ಗೋಡೆಯೊಳಗಿನ ಆಜ್ಞೆ ಮೊಬೈಲ್ ಫೋನಿನ ಮೂಲಕ ಬೀದಿಗೆ ತಲುಪುತ್ತಿತ್ತು.

ನಮ್ಮಲ್ಲಿ ಅಂಥ ಪಡೆ ಹುಟ್ಟಿದೆಯೆಂದು ನಾನು ಹೇಳುತ್ತಿಲ್ಲ. ಆದರೆ 2023ರ ಜನವರಿಯಲ್ಲಿ ನಾಗಪುರದ ಕೇಂದ್ರ ಸಚಿವರ ಕಚೇರಿಗೆ ಬಂದ ಬೆದರಿಕೆ ಕರೆಯ ಜಾಡು ಬೆಳಗಾವಿಯ ಹಿಂಡಲಗಾ ಸೆರೆಮನೆಗೆ ಮುಟ್ಟಿತು. 2024ರ ಆಗಸ್ಟ್‌ನಲ್ಲಿ ಬೆಂಗಳೂರಿನ ಪರಪ್ಪನ ಅಗ್ರಹಾರದೊಳಗೆ ಚಲನಚಿತ್ರ ನಟರೊಬ್ಬರು ರೌಡಿಯೊಡನೆ ಹಾಯಾಗಿ ಕುಳಿತ ಚಿತ್ರ ಹೊರಬಿದ್ದು, ಜೈಲಿನ ಹಲವು ಸಿಬ್ಬಂದಿ ಅಮಾನತಾದರು. ಹಣವಿದ್ದವನಿಗೆ ಒಳಗೆ ಕುರ್ಚಿಯಿದ್ದರೆ, ಇಲ್ಲದವನು ಯಾರದಾದರೂ ನೆರಳು ಹುಡುಕದೆ ಇರುವನೇ?

2022ರ ಕೊನೆಗೆ ಭಾರತದ ಕೈದಿಗಳಲ್ಲಿ ನೂರಕ್ಕೆ 75ಕ್ಕೂ ಹೆಚ್ಚು ಮಂದಿ ಇನ್ನೂ ವಿಚಾರಣೆ ಮುಗಿಯದವರು. ತೀರ್ಪಿಗೆ ಮೊದಲೇ ಅವರಿಗೆ ಗುರು ದೊರಕಿಬಿಡುವ ಅಪಾಯವಿದೆ. ಬಡವನಿಗೆ ಉಚಿತ ವಕೀಲನನ್ನು ಕೊಡಬೇಕೆಂಬ ಕಾಯಿದೆ 1987ರಲ್ಲೇ ಬಂದಿದೆ. ಆ ವಕೀಲ ಮೊದಲ ವಾರವೇ ಬಂದರೆ ನಮ್ಮ ಹುಡುಗ ಕಾನೂನಿಗೆ ಋಣಿಯಾಗುತ್ತಾನೆ. ತಡವಾದರೆ ಬ್ಯಾರಕ್ಕಿನ ಯಜಮಾನನಿಗೆ.